ಅವರು, ಇವರು ಮತ್ತು ನಾಗರಾಜ

ಶೃಂಗೇರಿ
8 ಡಿಸೆಂಬರ್ 2024

ಪ್ರೀತಿಯ ಅಪ್ಪಯ್ಯ,

ನೋಡು, ಬರೆದೇ ಬಿಟ್ಟೆ! ಗೆರೆ ಹಾಕಿದ ಹಾಳೆಯ ಮೇಲೆ, ಇಂಕ್ ಪೆನ್ನಿನಲ್ಲಿ, ಅದೂ ಕನ್ನಡದಲ್ಲಿ! “ಫೋನು ಇರುವುದು ಊಟ ಆಯ್ತಾ ಕೇಳಲಿಕ್ಕೆ. ಮನಸ್ಸಿನಲ್ಲಿದ್ದದ್ದು ಹೇಳಲಿಕ್ಕೆ ಕಾಗದವೇ ಆಗಬೇಕು ಕೂಸೆ” ಎಂದು ದಿಬ್ಬಣದ ಬಸ್ಸು ಹೊರಡುವಾಗಲೂ ಕಿಟಕಿ ಹಿಡಿದು ಹೇಳಿದೆಯಲ್ಲ. ಜಯಪುರದ ಪೋಸ್ಟ್ ಮಾಸ್ಟರ್ ಸೀತಾರಾಮ ಅವರೇ, ಇದೋ ನಿಮ್ಮ ಕಾಗದ. ಎಲ್.ಕೆ.ಜಿ.ಯಿಂದ ಇಂಗ್ಲಿಷ್ ಮೀಡಿಯಂಗೆ ಹಾಕಿದವನು ನೀನೇ. ಆದ್ದರಿಂದ ತಪ್ಪು ಸಿಕ್ಕರೆ ಕೆಂಪು ಪೆನ್ನು ತೆಗೆಯಬೇಡ. (ತೆಗೆದೇ ತೆಗೆಯುತ್ತೀಯ. ಗೊತ್ತು.)

ಅಪ್ಪಯ್ಯ, ನಾನು ತುಂಬಾ ತುಂಬಾ ಕುಷಿಯಾಗಿದ್ದೇನೆ. ನಾಚಿಕೆಯಾಗುವಷ್ಟು! ಕಶ್ಯಪ ಮೆಡಿಕಲ್ ಶಾಪ್ ಬಾಗಿಲು ಹಾಕಿ ಬರುವಾಗ ದಿನಾ ನನಗೆಂದು ಒಂದು ಕೆಮ್ಮಿನ ಮಾತ್ರೆ ತರುತ್ತಾರೆ, ಜೇನಿನ ರುಚಿಯ ಚಪ್ಪರಿಸುವ ಮಾತ್ರೆ. ಕೊರಿಯಾದ ಹೀರೋಗಳು ಹೂವು ತರುತ್ತಾರೆ, ನನ್ನ ಹೀರೋ ಕೆಮ್ಮಿನ ಮಾತ್ರೆ. ನನಗೆ ಕೆಮ್ಮೇ ಇಲ್ಲ!

ಇನ್ನೊಂದು ಹೊಸ ವಿಷಯ. ಅತ್ತೆಯ ಎದುರು ಗಂಡನ ಹೆಸರು ಹೇಳುವ ಹಾಗಿಲ್ಲವಲ್ಲ, ‘ಇವರು’ ಎನ್ನಬೇಕು. ಮೊದಮೊದಲು ನಗು ಬರುತ್ತಿತ್ತು. ಈಗ ಆ ಪದದ ಮೇಲೆ ನನಗೆ ಲವ್ ಆಗಿದೆ. ಇವರು ಅಂಗಡಿಯಲ್ಲಿದ್ದರೂ ಇವರೇ. ಸ್ಟಾಕ್ ತರಲು ಶಿವಮೊಗ್ಗಕ್ಕೆ ಹೋದರೂ ‘ಇವರು’ ಬರುವುದು ತಡ ಎನ್ನುತ್ತೇವೆಯೇ ಹೊರತು ‘ಅವರು’ ಎನ್ನುವುದಿಲ್ಲ. ಉಳಿದ ಪ್ರಪಂಚ ಎಲ್ಲ ಅವರು, ಇವರೊಬ್ಬರೇ ಇವರು! ಇಂಗ್ಲಿಷಿನಲ್ಲಿ ಈ ಸೌಲಭ್ಯವೇ ಇಲ್ಲ.

ಇನ್ನು ನಮ್ಮ ಸೀರಿಯಲ್. ಅತ್ತೆಗೂ ಹುಚ್ಚು ಹಿಡಿಸಿದ್ದೇನೆ. ಇಂಗ್ಲಿಷ್ ಸಬ್‌ಟೈಟಲ್ ಅವರಿಂದ ಆಗುವುದಿಲ್ಲ ಎಂದು ಹಿಂದಿ ಡಬ್ಬಿಂಗ್ ಹಾಕಿದ್ದೇವೆ. ಕೊರಿಯಾದ ಹೆಸರುಗಳು ನಾಲಿಗೆಗೆ ಹೊಂದುವುದಿಲ್ಲವಂತೆ. ಹಾಗಾಗಿ ಉದ್ದ ಕೋಟಿನ ಜಡ್ಜ್ ‘ಕೋಟಿನ ಮಾಣಿ’, ನೂಡಲ್ಸ್ ಅಂಗಡಿಯ ಹುಡುಗಿ ‘ನೂಡಲ್ಸ್ ಕೂಸು’. ಅವಳು ಮಾತಿಗೊಮ್ಮೆ “ಹೇ ಭಗವಾನ್” ಎನ್ನುತ್ತಾಳಲ್ಲ, ಅತ್ತೆಗೆ ಅದೇ ಇಷ್ಟ. “ಒಳ್ಳೆ ಮನೆತನದ ಹುಡುಗಿ ಮಾರಾಯ್ತಿ, ದೇವರನ್ನು ಮರೆಯುವುದಿಲ್ಲ” ಎಂದರು!

ನೀನು ಒಬ್ಬನೇ ಹೇಗೆ ನೋಡುತ್ತಿದ್ದೀಯ? ಸಬ್‌ಟೈಟಲ್ ಓದಿ ಹೇಳಲು ಪಕ್ಕದಲ್ಲಿ ನಾನಿಲ್ಲ. ಅದಕ್ಕೇ ನಿನ್ನ ಟೀವಿಯಲ್ಲೂ ಹಿಂದಿಗೆ ಹಾಕಿ ಬಂದಿದ್ದೇನೆ. ನಮ್ಮ ಒಪ್ಪಂದ ನೆನಪಿರಲಿ: ಇಬ್ಬರೂ ಒಂದೇ ಎಪಿಸೋಡಿನಲ್ಲಿರಬೇಕು, ಮುಂದೆ ಓಡಬಾರದು.

ಅತ್ತೆ ನನಗೆ ಜಡೆ ಹಾಕುತ್ತಾರೆ. ನಿನ್ನಷ್ಟು ಬಿಗಿ ಬರುವುದಿಲ್ಲ. ನಾಲ್ಕನೇ ಕ್ಲಾಸಿನಲ್ಲಿ ಅಮ್ಮ ಹೋದ ಮೇಲೆ ನೀನು ಟಪಾಲು ಚೀಲದ ಬಾಯಿ ಕಟ್ಟುವ ಹಾಗೆ ಕಟ್ಟುತ್ತಿದ್ದೆಯಲ್ಲ, ಸಂಜೆಯವರೆಗೂ ಹುಬ್ಬು ಮೇಲಕ್ಕೇ ಇರುತ್ತಿತ್ತು. ಅದು ಬೇಕು ಅನ್ನಿಸುತ್ತದೆ ಒಮ್ಮೊಮ್ಮೆ.

ನಿನ್ನ ಕೂಸು,
ಶರಣ್ಯಾ


ಜಯಪುರ
19 ಡಿಸೆಂಬರ್ 2024

ಚಿ. ಸೌ. ಶರಣ್ಯಾಳಿಗೆ ಆಶೀರ್ವಾದ.

ಕಾಗದ ತಲುಪಿತು. ಮುದ್ರೆ ನಾನೇ ಒತ್ತಿದೆ. “ಸಾರ್, ಕೂಸಿನ ಕಾಗದ! ಒಡೆಯಿರಿ, ಎಂತ ಕಾಯ್ತೀರಿ?” ಎಂದು ಪೋಸ್ಟ್‌ಮನ್ ಗಿಡ್ಡಯ್ಯ ಕುಣಿದ. ಡ್ಯೂಟಿ ಮುಗಿಯುವವರೆಗೆ ಒಡೆಯಲಿಲ್ಲ. ಆಮೇಲೆ ನಾಲ್ಕು ಸಲ ಓದಿದೆ.

ಕುಷಿ ಅಲ್ಲ, ಖುಷಿ. ಮಹಾಪ್ರಾಣ ಬೇಕು. ಪ್ರಾಣ ಸ್ವಲ್ಪ ಜಾಸ್ತಿ ಹಾಕಿದರೇ ಅದು ಖುಷಿ ಆಗುವುದು. ಉಳಿದ ತಪ್ಪುಗಳನ್ನು ಕ್ಷಮಿಸಿದ್ದೇನೆ. ಕಾಗದ ಬರೆದು ಒಮ್ಮೆ ಓದಬೇಕು. ಮೂವತ್ತು ವರ್ಷದಲ್ಲಿ ನಾನು ತಿದ್ದಿದ ಅಕ್ಷರವಿರುವ ಕಾಗದ ಯಾರಿಗೂ ಹಾಕಿಲ್ಲ.

ಸೀರಿಯಲ್ ನೋಡುತ್ತಿದ್ದೇನೆ. ನಮ್ಮ ಫಾರಂಗಳ ಮೇಲಿರುವಷ್ಟು ಹಿಂದಿ ನನಗೆ ಬರುತ್ತದೆ. ಆದರೆ ಈ ಜನ ಪ್ರೀತಿ ಮಾಡುವಾಗ ಪ್ರೇಷಕ, ರಸೀದಿ ಎಂಬ ಪದಗಳನ್ನು ಬಳಸುವುದೇ ಇಲ್ಲ. ಒಂದು ಸಂಶಯ. ಈ ನಾಗರಾಜ ಯಾರು? ಕೋಟಿನವನು ಹುಡುಗಿಯನ್ನು ಎರಡು ಮೂರು ಸಲ “ಕ್ಯಾ ತುಮ್ ನಾಗರಾಜ್ ಹೋ?” ಎಂದು ಕೇಳಿದ. ಅವಳು ಅಲ್ಲ ಎಂದು ತಲೆಯಾಡಿಸಿ ಅತ್ತಳು. ಹೆಣ್ಣುಮಗಳನ್ನು ನೀನು ನಾಗರಾಜನಾ ಎಂದು ಕೇಳುವುದೆಂದರೇನು? ಅವನು ಇನ್ನೂ ತೆರೆಯ ಮೇಲೆ ಬಂದಿಲ್ಲವೋ, ಬಂದು ನನಗೆ ಗುರುತು ಸಿಗಲಿಲ್ಲವೋ?

ಚಳಿ ಇದೆ. ಕಿವಿಗೆ ಬಟ್ಟೆ ಕಟ್ಟಿಕೊ.

ಇಂತು,
ಅಪ್ಪಯ್ಯ


ಶೃಂಗೇರಿ
29 ಡಿಸೆಂಬರ್ 2024

ಅಪ್ಪಯ್ಯಾ!

ನಾಗರಾಜ! ಅಯ್ಯೋ ನಾಗರಾಜ! ಅಡುಗೆಮನೆಯಲ್ಲಿ ನಿಂತು ಓದಿದೆ, ಒಲೆ ಮೇಲಿನ ಹಾಲು ಉಕ್ಕಿಹೋಯಿತು. ಅತ್ತೆ ಓಡಿಬಂದು “ಎಂತ ಆಯ್ತೇ? ಯಾರಿಗೆ ಎಂತ ಆಯ್ತು?” ಎಂದು ಗಾಬರಿಯಾದರು. ಓದಿ ಹೇಳಿದೆ. ಈಗ ಈ ಮನೆಯಲ್ಲಿ ಎಲ್ಲರೂ ಎಲ್ಲರನ್ನೂ ನಾಗರಾಜನಾ ಎಂದು ಕೇಳುತ್ತಿದ್ದಾರೆ.

ಅವನು ಯಾರೆಂದು ನಾನು ಹೇಳುವುದಿಲ್ಲ, ಹೋಗು! ನಿಮ್ಮೂರಿನ ಹೈಸ್ಕೂಲಿಗೆ ಹೊಸ ಹಿಂದಿ ಮೇಡಂ ಬಂದಿದ್ದಾರೆ, ನರಸಿಂಹರಾಜಪುರದವರು, ತುಂಗಮ್ಮ ಎಂದು ಹೆಸರು ಎಂದು ನೀನೇ ಮದುವೆಗೆ ಮೊದಲು ಹೇಳಿದ್ದೆ. ಅವರನ್ನೇ ಕೇಳು. ಧೈರ್ಯವಾಗಿ ಕೇಳು. ಅವರ ಮುಖ ಹೇಗಾಯಿತು ಎಂದು ನನಗೆ ಪೂರ್ತಿ ಬರಿ. ಇದು ಮಗಳ ಆಜ್ಞೆ!

(ಖುಷಿ. ಖುಷಿ. ಖುಷಿ. ಸಾಕಾ ಮಹಾಪ್ರಾಣ?)

ಶರಣ್ಯಾ


ಜಯಪುರ
20 ಜನವರಿ 2025

ಚಿ. ಸೌ. ಶರಣ್ಯಾಳಿಗೆ ಆಶೀರ್ವಾದ.

ಆಜ್ಞೆ ಪಾಲಿಸಿದ್ದೇನೆ. ಮಾನ ಹೋಯಿತು.

ತುಂಗಮ್ಮ ಮೇಡಂ ರಿಜಿಸ್ಟರ್ಡ್ ಪೋಸ್ಟ್ ಹಾಕಲು ಬಂದಿದ್ದರು. ಕೌಂಟರಿನಲ್ಲಿ ಬೇರೆ ಯಾರೂ ಇಲ್ಲದಾಗ ಕೇಳಿದೆ. ಅವರು ಬೆಂಚಿನ ಮೇಲೆ ಕೂತು ಸೆರಗು ಬಾಯಿಗೆ ಹಿಡಿದುಕೊಂಡರು. ನಗು ನಿಲ್ಲಲಿಲ್ಲ. ಗಿಡ್ಡಯ್ಯ ನೀರು ತಂದುಕೊಟ್ಟ.

“ನಾಗರಾಜ್ ಅಲ್ಲ ಸಾರ್, ನಾರಾಜ್. ಬೇಜಾರಾ ಅಂತ ಕೇಳುವುದು.”

“ಓ. ನಾನು ಆ ಮನುಷ್ಯನನ್ನು ಹುಡುಕಿದ್ದೇ ಹುಡುಕಿದ್ದು.”

“ಸಿಕ್ಕಿದರೆ ನನಗೂ ಹೇಳಿ. ನಾನೂ ಅದೇ ಸೀರಿಯಲ್ ನೋಡ್ತಾ ಇರುವುದು” ಎಂದರು.

ಈಗ ಮೇಡಂ ಶಾಲೆ ಮುಗಿಸಿ ಹೋಗುವಾಗ ಕೌಂಟರಿನ ಹತ್ತಿರ ನಿಂತು ಒಂದು ಶಬ್ದ ಹೇಳಿಕೊಡುತ್ತಾರೆ. ಮೊನ್ನೆಯದು ‘ಫಿಕರ್’. ಚಿಂತೆ ಎಂದು ಅರ್ಥ. ಇಲ್ಲಿ ಒಂದು ರೂಮು ಮಾಡಿಕೊಂಡಿದ್ದಾರೆ, ಶನಿವಾರ ಊರಿಗೆ ಹೋಗುತ್ತಾರೆ. ಅಣ್ಣನ ಮಕ್ಕಳನ್ನು ಓದಿಸುತ್ತ ಓದಿಸುತ್ತ ತಮ್ಮ ಮದುವೆಯ ವಿಷಯ ಹಾಗೇ ಉಳಿದುಹೋಯಿತಂತೆ. ಅದನ್ನೂ ನಗುತ್ತಲೇ ಹೇಳಿದರು.

ನಿನಗೆ ತೊಂದರೆ ಇಲ್ಲದಿದ್ದರೆ ಶಿವರಾತ್ರಿಗೆ ಇಬ್ಬರೂ ಬನ್ನಿ.

ಇಂತು,
ಅಪ್ಪಯ್ಯ


ಶೃಂಗೇರಿ
9 ಫೆಬ್ರವರಿ 2025

ಪ್ರೀತಿಯ ಅಪ್ಪಯ್ಯ,

ಕಥೆ ಬಿಸಿಯೇರಿದೆ! ಮಳೆಯಲ್ಲಿ ಕೋಟಿನ ಮಾಣಿ ಕೊಡೆಯನ್ನು ಪೂರ್ತಿ ಅವಳ ಕಡೆಗೇ ಹಿಡಿದನಲ್ಲ, ತಾನು ಅರ್ಧ ನೆನೆದು! ನಾನು ಅತ್ತುಬಿಟ್ಟೆ. ಕಶ್ಯಪ ಹೇಳುತ್ತಾರೆ, “ಕೋಟು ನೆನೆದರೆ ಡ್ರೈಕ್ಲೀನಿಂಗ್‌ಗೆ ಎಷ್ಟು ಗೊತ್ತಾ?” ಇವರನ್ನು ಏನು ಮಾಡಲಿ ಹೇಳು. ಅತ್ತೆಗೆ ಬೇರೆಯೇ ಸಿಟ್ಟು. “ಇನ್ನೂ ಬಾಯಿ ಬಿಡುವುದಿಲ್ಲವಲ್ಲ ಈ ಮಾಣಿ! ಬಾಯಲ್ಲಿ ಎಂತ ಕಡುಬು ಇಟ್ಟುಕೊಂಡಿದ್ದಾನಾ?” ಎಂದು ಟೀವಿಗೆ ಬೈಯುತ್ತಾರೆ.

ಇನ್ನು ಮುಂದೆ ಅವನ ಶ್ರೀಮಂತ ತಾಯಿ ಬರುತ್ತಾಳೆ ನೋಡು. ಎಲ್ಲ ಕೊರಿಯನ್ ಸೀರಿಯಲ್‌ಗಳಲ್ಲೂ ಒಬ್ಬಳು ಇರುತ್ತಾಳೆ, ಹುಡುಗಿಯನ್ನು ಹೋಟೆಲಿಗೆ ಕರೆಸಿ ಮುಖಕ್ಕೆ ಒಂದು ಲೋಟ ನೀರು ಎರಚುವವಳು. ಅವಳನ್ನು ಕಂಡರೆ ನನಗೆ ಮೈಯೆಲ್ಲ ಉರಿ. ಪ್ರೀತಿ ಮಾಡುವವರ ಮಧ್ಯೆ ಬಂದು ನಿಲ್ಲುವವರಿಗೆ ಎದೆಯಲ್ಲಿ ಏನಿರುತ್ತದೆ? ಕಲ್ಲಾ?

ಶಿವರಾತ್ರಿಗೆ ಬರಲು ಆಗುವುದಿಲ್ಲ, ಇವರ ಅಂಗಡಿ. ಬೇಜಾರಾ? ನಾಗರಾಜಾ? ಹಿಂದಿ ಮೇಡಂಗೆ ನನ್ನ ನಮಸ್ತೇ ಹೇಳು. ಇವತ್ತು ಯಾವ ಶಬ್ದ ಕಲಿಸಿದರು?

ಶರಣ್ಯಾ


ಜಯಪುರ
24 ಮಾರ್ಚ್ 2025

ಚಿ. ಸೌ. ಶರಣ್ಯಾಳಿಗೆ ಆಶೀರ್ವಾದ.

ಈ ಸಲ ಬರೆಯುವುದು ತಡವಾಯಿತು. ವರ್ಷದ ಕೊನೆಯ ಲೆಕ್ಕ.

ಮೊನ್ನೆ ಕಾಫಿ ಹೂ ಅರಳಿಸುವ ಹೂಮಳೆ ಬಂತು. ಕಾಫಿ ತೋಟದವರಿಗೆ ಸಂತೋಷ. ಮಾರ್ಚಿನಲ್ಲಿ ಯಾರೂ ಕೊಡೆ ಹಿಡಿದು ಓಡಾಡುವುದಿಲ್ಲವಲ್ಲ, ಶಾಲೆ ಬಿಡುವ ಹೊತ್ತಿಗೇ ಸುರಿಯಿತು. ತುಂಗಮ್ಮ ಮೇಡಂ ಪೋಸ್ಟಾಫೀಸಿನ ಜಗಲಿಯಲ್ಲಿ ನಿಂತಿದ್ದರು. ನಾನು ಹಿಂದಿನ ಕೋಣೆಗೆ ಹೋಗಿ ಗೂಟದಲ್ಲಿದ್ದ ಕಂದು ಕೊಡೆ ತಂದುಕೊಟ್ಟೆ. ನಿನ್ನ ಅಮ್ಮನದು. ಕೊಡುವವರೆಗೂ ಅದು ಹೊಳೆಯಲಿಲ್ಲ. ಕೊಟ್ಟ ಮೇಲೆ ಹೊಳೆಯಿತು. ವಾಪಸ್ ಕೇಳಲು ಮನಸ್ಸಾಗಲಿಲ್ಲ.

ಆ ಹುಡುಗ ಬಾಯಿ ಬಿಡದೆ ಇರುವುದಕ್ಕೆ ನಿನ್ನ ಅತ್ತೆ ಬೈಯುತ್ತಾರೆ ಎಂದು ಬರೆದಿದ್ದೆ. ಅವರು ಹೇಳುವುದು ಬೇರೆ. ಕೆಲವರು ಹೆದರಿ ಸುಮ್ಮನಿರುತ್ತಾರೆ, ಕೆಲವರು ಇನ್ನೊಬ್ಬರಿಗೆ ನೋವಾದೀತು ಎಂದು ಸುಮ್ಮನಿರುತ್ತಾರೆ, ಎರಡನೆಯವರಿಗೆ ಬೈಯಬಾರದು ಎಂದು ಮೇಡಂ ಅಭಿಪ್ರಾಯ. ನನಗೂ ಸರಿ ಎನ್ನಿಸಿತು.

ಮೈ ಹುಷಾರು.

ಇಂತು,
ಅಪ್ಪಯ್ಯ


ಶೃಂಗೇರಿ
6 ಏಪ್ರಿಲ್ 2025

ಅಪ್ಪಯ್ಯ,

ಕಾಗದ ಬಂತು. ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ಕೆಲಸ ಜಾಸ್ತಿ, ಸೀರಿಯಲ್ ನೋಡಲು ಸಮಯ ಸಿಗುತ್ತಿಲ್ಲ. ನೀನು ಬೇಕಾದರೆ ಮುಂದೆ ನೋಡಿಕೊ.

ಅಮ್ಮನ ಕೊಡೆ ವಾಪಸ್ ಬಂದಿರಬಹುದು ಎಂದುಕೊಂಡಿದ್ದೇನೆ.

ಶರಣ್ಯಾ


ಜಯಪುರ
26 ಮೇ 2025

ಚಿ. ಸೌ. ಶರಣ್ಯಾಳಿಗೆ ಆಶೀರ್ವಾದ.

ನಿನ್ನ ಕಾಗದವಿಲ್ಲದೆ ಎರಡು ಹುಣ್ಣಿಮೆ ಕಳೆಯಿತು. ಫೋನಿನಲ್ಲಿ ಊಟ ಆಯ್ತು ಎನ್ನುತ್ತೀ. ನಾನೂ ಆಯ್ತು ಎನ್ನುತ್ತೇನೆ. ಟಪಾಲು ಚೀಲ ಬಿಚ್ಚುವಾಗಲೆಲ್ಲ ಗಿಡ್ಡಯ್ಯ ಮೊದಲು ಶೃಂಗೇರಿಯ ಕಾಗದ ಹುಡುಕಿ, ಇಲ್ಲ ಸಾರ್ ಎನ್ನುತ್ತಾನೆ. ನಾನು ಕೇಳದೇ ಇದ್ದರೂ ಹೇಳುತ್ತಾನೆ.

ತುಂಗಮ್ಮ ಮೇಡಂಗೆ ಅವರ ಊರಿನ ಶಾಲೆಗೇ ವರ್ಗವಾಗಿದೆ. ಕೇಳಿಕೊಂಡದ್ದೇ ಸಿಕ್ಕಿತು. ನಿನ್ನೆ ರೂಮು ಖಾಲಿ ಮಾಡಿ ಹೋದರು. ಬಸ್ ಸ್ಟ್ಯಾಂಡಿಗೆ ಹೋಗಿದ್ದೆ. ಟ್ರಂಕನ್ನು ನಾನೂ ಗಿಡ್ಡಯ್ಯನೂ ಎತ್ತಿ ಹಾಕಿದೆವು. ಕೊಡೆ ವಾಪಸ್ ಕೊಟ್ಟರು, ಒಣಗಿಸಿ ಮಡಚಿ. ಅದು ಈಗ ಗೂಟದಲ್ಲಿದೆ.

ನಾನು ಅವರಿಗೆ ಏನೂ ಹೇಳಿಲ್ಲ. ಹೇಳುವುದೂ ಇಲ್ಲ. ನಿನಗೆ ಇದು ತಿಳಿದಿರಲಿ ಎಂದು ಬರೆದೆ.

ಸೀರಿಯಲ್ ನೀನು ಬಿಟ್ಟಲ್ಲಿಗೇ ನಾನೂ ನಿಲ್ಲಿಸಿದ್ದೇನೆ. ಒಪ್ಪಂದ ಇದೆಯಲ್ಲ.

ಕೂಸೆ, ಕ್ಯಾ ತುಮ್ ನಾಗರಾಜ್ ಹೋ?

ಇಂತು,
ಅಪ್ಪಯ್ಯ


ಶೃಂಗೇರಿ
1 ಜೂನ್ 2025

ನನ್ನ ಅಪ್ಪಯ್ಯ,

ಹೌದು. ನಾನು ನಾಗರಾಜ್ ಆಗಿದ್ದೆ. ದೊಡ್ಡ ನಾಗರಾಜ್, ಹೆಡೆ ಬಿಚ್ಚಿ ಕೂತಿದ್ದೆ. ನಿನ್ನ ಕೊನೆಯ ಸಾಲು ಓದಿ ನಕ್ಕೆ. ನಗುತ್ತ ನಗುತ್ತ ಅತ್ತುಬಿಟ್ಟೆ. ಇವರು ಅಂಗಡಿಯಿಂದ ಬಂದು ನನ್ನ ಕೈಯಲ್ಲಿ ಎರಡು ಕೆಮ್ಮಿನ ಮಾತ್ರೆ ಇಟ್ಟರು. ಎರಡು!

ಮಾರ್ಚಿನ ಕಾಗದದ ವಿಷಯ ಹೇಳಿಬಿಡುತ್ತೇನೆ. ತಿದ್ದಿದ ಅಕ್ಷರವಿರುವ ಕಾಗದ ಯಾರಿಗೂ ಹಾಕಿಲ್ಲ ಎಂದಿದ್ದೆ ನೀನು. ಮಾರ್ಚಿನ ಕಾಗದದಲ್ಲಿ ಅಂಥ ಅಕ್ಷರ ಒಂದು ಇತ್ತು. “ಅವರು ಹೇಳುವುದು ಬೇರೆ” ಎಂಬಲ್ಲಿ. ಮೊದಲು ‘ಇವರು’ ಎಂದು ಬರೆದಿದ್ದೆ. ಆಮೇಲೆ ‘ಇ’ ಮೇಲೆ ಒತ್ತಿ ಒತ್ತಿ ‘ಅ’ ಮಾಡಿದ್ದೀಯ. ಬೆಳಕಿಗೆ ಹಿಡಿದರೆ ಇಕಾರ ಹಾಗೇ ಕಾಣುತ್ತದೆ. ಆ ಹೊತ್ತು ಮೇಡಂ ನಿನ್ನ ಪಕ್ಕದಲ್ಲಿ ಇರಲಿಲ್ಲ ಎಂದು ಗೊತ್ತು ನನಗೆ. ಇರಲಿಲ್ಲ, ಆದರೂ ‘ಇವರು’. ಆ ಪದ ಯಾರಿಗೆ ಬರುತ್ತದೆ ಎಂದು ನಿನಗೇ ಉದ್ದಕ್ಕೆ ಬರೆದು ಕುಣಿದವಳು ನಾನು!

ಅಮ್ಮನ ಕೊಡೆ, ಅಮ್ಮನ ಪದ ಎಂದು ಅನ್ನಿಸಿತು ಅಪ್ಪಯ್ಯ. ಅಷ್ಟೇ. ಹಿಂದಿ ಮೇಡಂ ಹತ್ತಿರ ಹೋಗು ಎಂದು ತಳ್ಳಿದ್ದೂ ನಾನೇ. ಅದು ತಮಾಷೆಯಾಗಿರುವವರೆಗೆ ಚೆನ್ನಾಗಿತ್ತು.

ಮೊನ್ನೆ ನಿನ್ನ ಕಾಗದ ಬಂದ ದಿನವೇ ಅತ್ತೆ ಹಟ ಹಿಡಿದರು. “ಎಷ್ಟು ದಿನ ಆ ಮಾಣಿಯನ್ನು ಮಳೆಯಲ್ಲಿ ನಿಲ್ಲಿಸಿಡುತ್ತೀಯೇ? ಹಾಕು ನೋಡುವ.” ಹಾಕಿದೆ. ಸರಿಯಾಗಿ ಆ ಎಪಿಸೋಡಿನಲ್ಲೇ ಶ್ರೀಮಂತ ತಾಯಿ ಬಂದಳು. ಹೋಟೆಲು, ಲೋಟ, ನೀರು, ಮುಖ. ಅತ್ತೆ ಎದ್ದು ನಿಂತರು.

“ಇವಳಿಗೆ ಎಂತ ನಷ್ಟ ಮಾರಾಯ್ತಿ? ತಾನು ಹೊಟ್ಟೆ ತುಂಬ ಉಂಡು ಕೈ ತೊಳೆದಾಯ್ತು. ಇನ್ನೊಬ್ಬರ ಎಲೆ ಎಳೆಯುವುದಾ?”

“ಅತ್ತೆ, ಅವಳಿಗೂ ಏನಾದರೂ ನೋವು ಇರಬಹುದು” ಎಂದೆ.

“ಇರಲಿ ಮಾರಾಯ್ತಿ, ಯಾರಿಗಿಲ್ಲ? ನೋವಿದ್ದರೆ ಅಳಲಿ. ನೀರು ಎರಚುವುದು ಎಂತಕ್ಕೆ?”

ಅತ್ತೆಗೆ ನಾನು ಏನೂ ಹೇಳಿರಲಿಲ್ಲ. ಆದರೂ ಆ ನೀರು ಬಂದು ನನ್ನ ಮುಖಕ್ಕೇ ಬಿತ್ತು. ಇಷ್ಟು ದಿನ ಈ ಕಥೆಯ ಹೀರೋಯಿನ್ ನಾನೇ ಎಂದುಕೊಂಡಿದ್ದೆ. ನೋಡಿದರೆ ನಾನು ಲೋಟ ಹಿಡಿದವಳು! ಉಂಡು ಕೈ ತೊಳೆದು, ನಿನ್ನ ಎಲೆ ಎಳೆಯುತ್ತಿದ್ದವಳು.

ಆ ರಾತ್ರಿ ಕೊಡೆಯ ಬಗ್ಗೆ ಯೋಚಿಸಿದೆ. ಅಷ್ಟು ವರ್ಷ ಗೂಟದಲ್ಲಿದ್ದ ಕೊಡೆ ಮಾರ್ಚಿನ ಮಳೆಯಲ್ಲಿ ಕೆಲಸಕ್ಕೆ ಬಂತೆಂದರೆ ಬಟ್ಟೆ ಹರಿದಿರಲಿಲ್ಲ, ಕಡ್ಡಿ ತುಕ್ಕು ಹಿಡಿದಿರಲಿಲ್ಲ. ಹೇಗೆ? ನೀನು ಪ್ರತಿ ಮಳೆಗಾಲ ಕಳೆದ ಮೇಲೆ ಎಣ್ಣೆ ಹಚ್ಚಿ, ಬಿಸಿಲಿಗೆ ಹಿಡಿದು ಇಟ್ಟಿದ್ದೀಯ. ನನಗೆ ಒಮ್ಮೆಯೂ ಹೇಳಿಲ್ಲ. ಹಾಗೆ ನೋಡಿಕೊಂಡವನು ಅಮ್ಮನನ್ನು ಮರೆಯುತ್ತಾನೆ ಎಂದು ನಾನು ಹೆದರಿದೆನಲ್ಲ, ಪೆದ್ದಿ.

ಈಗ ಕೇಳು. ಜೂನ್ ಬಂತು. ನರಸಿಂಹರಾಜಪುರದ ಶಾಲೆಗೂ ಮಳೆ ಬೀಳುತ್ತದೆ. ಕೊಡೆಗೆ ಗೂಟದಲ್ಲಿ ಏನು ಕೆಲಸ? ಜಯಪುರದಿಂದ ಬಸ್ಸು ಹತ್ತಿ ಕೊಪ್ಪದಲ್ಲಿ ಇಳಿದರೆ ಮುಂದಿನ ಬಸ್ಸು ಸಿಗುತ್ತದೆ. ನೀನೇ ತೆಗೆದುಕೊಂಡು ಹೋಗು, ಪಾರ್ಸೆಲ್ ಮಾಡಬೇಡ! ಮತ್ತು ಹೇಳುವುದನ್ನು ದಯವಿಟ್ಟು ಹಿಂದಿಯಲ್ಲಿ ಹೇಳಬೇಡ. ಮಧ್ಯೆ ನಾಗರಾಜ ಬಂದಾನು.

ಅವರು ಬೇಡ ಎಂದರೆ ಸೀದಾ ಶೃಂಗೇರಿಗೆ ಬಾ. ನಾನು ಜಡೆ ಹಾಕಿಸಿಕೊಳ್ಳುತ್ತೇನೆ, ನೀನು ಬಿಗಿಯಾಗಿ ಕಟ್ಟು. ಹೂಂ ಎಂದರೆ ಕೊನೆಯ ಎಪಿಸೋಡು ನಾವೆಲ್ಲ ಒಟ್ಟಿಗೇ ನೋಡುವುದು. ಅತ್ತೆಯನ್ನು ಅಲ್ಲಿಯವರೆಗೆ ಹೇಗೋ ತಡೆದು ಹಿಡಿಯುತ್ತೇನೆ.

ಒಂದೇ ಒಂದು ಬೇಡಿಕೆ. ಇನ್ನೊಮ್ಮೆ ಆ ‘ಇ’ ಬಂದರೆ ಅದನ್ನು ತಿದ್ದಬೇಡ.

ನಿನ್ನ ಕೂಸು,
ಶರಣ್ಯಾ


ನರಸಿಂಹರಾಜಪುರ
15 ಜೂನ್ 2025

ಚಿ. ಸೌ. ಶರಣ್ಯಾಳಿಗೆ ಆಶೀರ್ವಾದ.

ಮೇಲೆ ಬರೆದ ಊರಿನ ಹೆಸರು ನೋಡಿ ನೀನು ಕುಣಿಯುತ್ತೀ. ಕುಣಿದು ಮುಗಿಸಿ ಮುಂದೆ ಓದು. ಒಲೆಯ ಮೇಲೆ ಹಾಲಿದ್ದರೆ ಇಳಿಸು.

ಇವತ್ತು ಭಾನುವಾರ, ರಜೆ. ಬೆಳಿಗ್ಗೆ ಹೊರಟೆ. ಕೊಪ್ಪದಿಂದ ಮಳೆ. ಇಲ್ಲಿ ಇಳಿದು ಮನೆ ಕೇಳಿಕೊಂಡು ನಡೆದು ಬರುವಷ್ಟರಲ್ಲಿ ಪೂರ್ತಿ ನೆನೆದಿದ್ದೆ. ತುಂಗಮ್ಮ ಮೇಡಂ ಬಾಗಿಲಲ್ಲೇ ಸಿಕ್ಕಿದರು.

“ಅಯ್ಯೋ ಸಾರ್, ಏನಿದು? ಕೈಯಲ್ಲಿ ಕೊಡೆ ಇದೆ, ಬಿಚ್ಚಲಿಲ್ಲವಾ?”

“ಇದು ನಿಮ್ಮದು. ನಿಮ್ಮನ್ನು ಕೇಳದೆ ಹೇಗೆ ಬಿಚ್ಚುವುದು?”

ಬಸ್ಸಿನಲ್ಲಿ ಬೇರೆ ಮಾತು ತಯಾರಿ ಮಾಡಿಕೊಂಡಿದ್ದೆ. ಅದು ಬರಲಿಲ್ಲ, ಇದು ಬಂತು. ಅವರು ಕೊಡೆ ತೆಗೆದುಕೊಂಡರು. “ಮಗಳಿಗೆ ಗೊತ್ತಾ?” ಎಂದು ಕೇಳಿದರು. ಜೇಬಿನಿಂದ ನಿನ್ನ ಕಾಗದ ತೆಗೆದುಕೊಟ್ಟೆ. ಅದೂ ಅಂಚಿನಲ್ಲಿ ನೆನೆದಿತ್ತು, ಆದರೆ ಓದಲು ಬರುತ್ತಿತ್ತು. ಅವರ ಅಣ್ಣ ಒಂದು ಟವೆಲ್ ತಂದುಕೊಟ್ಟು, ಏನೂ ಅರ್ಥವಾಗದೆ ಒಳಗೆ ಹೋದರು.

ಮೇಡಂ ಏನು ಹೇಳಿದರು ಎಂದು ಕೇಳುತ್ತೀ. ಅದನ್ನು ಬರೆಯಲು ನನಗೆ ಬರುವುದಿಲ್ಲ.

ನಿನ್ನ ಕಾಗದದಲ್ಲಿ ತಪ್ಪುಗಳಿವೆ. ಕೆಂಪು ಪೆನ್ನು ಜಯಪುರದಲ್ಲೇ ಬಿಟ್ಟು ಬಂದಿದ್ದೇನೆ.

ಈಗ ಜಗಲಿಯಲ್ಲಿ ಕೂತು ಇದನ್ನು ಬರೆಯುತ್ತಿದ್ದೇನೆ. ಇವರು ಕಾಫಿ ತಂದಿಟ್ಟು, “ನಾಗರಾಜನಿಗೆ ನನ್ನ ನಮಸ್ತೇ ಬರೆಯಿರಿ, ಕೊನೆಯ ಎಪಿಸೋಡಿಗೆ ನಾನೂ ಬರುತ್ತೇನೆ” ಎನ್ನುತ್ತಿದ್ದಾರೆ.

ಕಾಗದವನ್ನು ಎರಡು ಸಲ ಓದಿ ನೋಡಿದೆ. ತಿದ್ದುವಂಥದ್ದು ಏನೂ ಇಲ್ಲ.

ಇಂತು,
ಅಪ್ಪಯ್ಯ